ನೂರು ವರ್ಷ, ಮೂರು ಸ್ಥಾನ: ನೆದರ್ಲೆಂಡ್ಸ್‌ನ ಎಸ್‌ಜಿಪಿ ಪಕ್ಷವನ್ನು ಹೇಗೆ ನೋಡಬೇಕು?

ಶಾಸನಾಸಕ್ತ (ಚರ್ಚೆ ಆರಂಭಿಸಿದವರು)

ನೆದರ್ಲೆಂಡ್ಸ್ ಸಂಸತ್ತಿನ ಕೆಳಮನೆಯಲ್ಲಿ ಇಂದು 150 ಸ್ಥಾನಗಳಿವೆ. ಅದರಲ್ಲಿ ಎರಡೋ ಮೂರೋ ಸ್ಥಾನಗಳನ್ನು, ಜರ್ಮನ್ ಆಕ್ರಮಣದ ವರ್ಷಗಳನ್ನು ಬಿಟ್ಟರೆ, 1925ರಿಂದ ಇಂದಿನವರೆಗೂ ಒಂದು ಪಕ್ಷ ತಪ್ಪದೆ ಉಳಿಸಿಕೊಂಡು ಬಂದಿದೆ. ಅದು ಕಟ್ಟಾ ಕ್ಯಾಲ್ವಿನ್‌ಪಂಥೀಯ ಪ್ರಾಟೆಸ್ಟಂಟ್ ಸಭೆಗಳ (ಧರ್ಮಸುಧಾರಕ ಕ್ಯಾಲ್ವಿನ್ ಬೋಧನೆಯನ್ನು ಪಾಲಿಸುವ ಚರ್ಚ್ ಸಮುದಾಯಗಳ) ಆಸರೆಯಲ್ಲಿ ಬೆಳೆದ ಸ್ಟಾಟ್‌ಕುಂಡಿಗ್ ಗೆರೆಫಾರ್ಮೇರ್ಡೆ ಪಾರ್ಟೈ, ಚಿಕ್ಕದಾಗಿ ಎಸ್‌ಜಿಪಿ. ಮೂರಕ್ಕಿಂತ ಹೆಚ್ಚು ಸ್ಥಾನಗಳನ್ನು ಅದು ಎಂದೂ ಗೆದ್ದಿಲ್ಲ. 1922ರಲ್ಲಿ ಮೊದಲ ಬಾರಿಗೆ ಒಳಗೆ ಬಂದ ಮೇಲೆ ಯಾವ ಚುನಾವಣೆಯಲ್ಲೂ ಹೊರಗೆ ಬಿದ್ದಿಲ್ಲ. ಯಾವ ಸಚಿವ ಸಂಪುಟದಲ್ಲೂ ಕುಳಿತಿಲ್ಲ. ಆ ಸಂಸತ್ತಿನಲ್ಲಿ ಈಗ ಇರುವ ಪಕ್ಷಗಳಲ್ಲೆಲ್ಲ ಇದೇ ಹಳೆಯದು.

ದೇಶದ ಆಡಳಿತ ಬೈಬಲಿನ ಆಜ್ಞೆಗೆ ಅನುಗುಣವಾಗಿ ನಡೆಯಬೇಕೆಂಬುದು ಈ ಪಕ್ಷದ ಮೂಲತತ್ವ. ಆದರೆ ಆ ತತ್ವವನ್ನು ಜಾರಿಗೆ ತರುವಷ್ಟು ಬಹುಮತ ತನಗೆ ದೊರೆಯದೆಂಬುದು ಅದಕ್ಕೂ ಗೊತ್ತು. ಗೆಲ್ಲುವ ಉದ್ದೇಶವಿಲ್ಲದೆ ತನ್ನ ನಂಬಿಕೆಗೆ ಸಾಕ್ಷಿ ನುಡಿಯುವುದಕ್ಕೆಂದೇ ಒಂದು ಪಕ್ಷ ನೂರು ವರ್ಷ ಸಂಸತ್ತಿನಲ್ಲಿ ಕೂರುವುದಾದರೆ ಅದು ಪ್ರಜಾಪ್ರಭುತ್ವದ ಶಕ್ತಿಯೋ ದೌರ್ಬಲ್ಯವೋ? ಬಲ್ಲವರ ಅಭಿಪ್ರಾಯ ಕೇಳಬೇಕೆಂದಿದ್ದೇನೆ.

ಇತಿಹಾಸದ ಮೇಷ್ಟ್ರು

ಪ್ರಶ್ನೆ ಒಳ್ಳೆಯದು, ಆದರೆ ಉತ್ತರ 1917ರಿಂದ ಆರಂಭವಾಗಬೇಕು. ಆ ವರ್ಷದ ಸಂವಿಧಾನ ತಿದ್ದುಪಡಿ ಮೂರು ಸಂಗತಿಗಳನ್ನು ಒಟ್ಟಿಗೆ ತಂದಿತು: ಎಲ್ಲ ವಯಸ್ಕ ಪುರುಷರಿಗೂ ಮತದಾನದ ಹಕ್ಕು, ಕ್ಷೇತ್ರವಾರು ಚುನಾವಣೆಯ ಬದಲಿಗೆ ಪ್ರಮಾಣಾನುಗುಣ ಪ್ರಾತಿನಿಧ್ಯ, ಮತ್ತು ಧಾರ್ಮಿಕ ಶಾಲೆಗಳಿಗೆ ಸರ್ಕಾರಿ ಶಾಲೆಗಳಷ್ಟೇ ಅನುದಾನ. ಎರಡನೆಯದು ಇಲ್ಲದಿದ್ದರೆ ಎಸ್‌ಜಿಪಿ ಹುಟ್ಟಿದರೂ ಬದುಕುತ್ತಿರಲಿಲ್ಲ. ದೇಶದಾದ್ಯಂತ ಚದುರಿದ ಮತಗಳೆಲ್ಲ ಒಂದೇ ಲೆಕ್ಕಕ್ಕೆ ಸೇರುವ ಆ ಪದ್ಧತಿಯಲ್ಲಿ ಇಂದು ಒಟ್ಟು ಮತಗಳ ನೂರೈವತ್ತನೇ ಒಂದು ಭಾಗ, ಅಂದರೆ ಶೇಕಡಾ 0.67ರಷ್ಟು ಸಿಕ್ಕರೆ ಒಂದು ಸ್ಥಾನ ಖಚಿತ.

ಪಕ್ಷ ಹುಟ್ಟಿದ್ದು 1918ರ ಏಪ್ರಿಲ್‌ನಲ್ಲಿ, ಜೀಲಾಂಡ್ ಪ್ರಾಂತ್ಯದ ಮಿಡಲ್‌ಬರ್ಗ್‌ನಲ್ಲಿ. ಕಟ್ಟಿದವರು ಸಭಾಪಾಲಕರಾಗಿದ್ದ ಗೆರಿಟ್ ಹೆಂಡ್ರಿಕ್ ಕೆರ್ಸ್ಟನ್. ಇವರೇ 1907ರಲ್ಲಿ ಚದುರಿಹೋಗಿದ್ದ ಹಲವು ಸಣ್ಣ ಸಭೆಗಳನ್ನು ಕೂಡಿಸಿ ‘ಗೆರೆಫಾರ್ಮೇರ್ಡೆ ಗೆಮೇಂಟನ್’ ಎಂಬ ಸಭಾಸಮೂಹವನ್ನು ಕಟ್ಟಿದ್ದವರು. ಆ ಹೊತ್ತಿಗೆ ಅಬ್ರಹಾಂ ಕೈಪರ್ ಅವರು 1879ರಲ್ಲಿ ಸ್ಥಾಪಿಸಿದ್ದ ಪ್ರಾಟೆಸ್ಟಂಟ್ ಪಕ್ಷ ಕ್ಯಾಥೊಲಿಕರೊಡನೆ ಮೈತ್ರಿ ಮಾಡಿಕೊಂಡು ಅಧಿಕಾರದ ರುಚಿ ಕಂಡಿತ್ತು. ಕೆರ್ಸ್ಟನ್ ಅವರ ದೃಷ್ಟಿಯಲ್ಲಿ ಅದು ಪ್ರಾಟೆಸ್ಟಂಟ್ ಧರ್ಮಸುಧಾರಣೆಯ ಪರಂಪರೆಗೆ ಬಗೆದ ದ್ರೋಹವಾಗಿತ್ತು. ಈ ಸಭೆಗಳ ನಂಬಿಕೆಗಳನ್ನು ವಿಧಿವಿಧಿಯಾಗಿ ಹೇಳುವ ಹಳೆಯ ದಾಖಲೆಯಾದ ‘ಬೆಲ್ಜಿಕ್ ವಿಶ್ವಾಸಪ್ರಮಾಣ’ದ 36ನೇ ವಿಧಿ ಮೂರ್ತಿಪೂಜೆಯನ್ನೂ ಸುಳ್ಳು ಆರಾಧನೆಯನ್ನೂ ತಡೆಯುವ ಹೊಣೆಯನ್ನು ಆಳುವವರ ಮೇಲೆ ಹೊರಿಸುತ್ತದೆ. ಕೈಪರ್ ಅವರ ಸಭೆಗಳು 1905ರಲ್ಲಿ ಆ ಮಾತುಗಳನ್ನು ಕೈಬಿಟ್ಟವು; ಕೆರ್ಸ್ಟನ್ ಅವನ್ನು ಒಂದಕ್ಷರವೂ ಬಿಡದಂತೆ ತಮ್ಮ ಪಕ್ಷದ ಬುನಾದಿಗೆ ಇಟ್ಟರು.

ಬಳ್ಳಾರಿ ಓದುಗ

ಹಾಗಾದರೆ ಇದು ರಾಜಕೀಯ ಪಕ್ಷವೋ, ಚರ್ಚಿನ ಒಂದು ಶಾಖೆಯೋ?

ಸಭೆಯ ಸದಸ್ಯೆ

ಬಳ್ಳಾರಿಯವರೇ, ಇಲ್ಲಿ ಸ್ವಲ್ಪ ಎಚ್ಚರ ಬೇಕು. ಯಾವ ಸಭೆಯೂ ಎಸ್‌ಜಿಪಿಯ ಒಡೆತನ ಹೊಂದಿಲ್ಲ. ಸಭೆಯ ಆಡಳಿತ ಮಂಡಳಿ ಅಭ್ಯರ್ಥಿಗಳನ್ನು ಆರಿಸುವುದಿಲ್ಲ. ಕೆರ್ಸ್ಟನ್ ಅವರ ಸಭಾಸಮೂಹದ ಸದಸ್ಯರು ದೊಡ್ಡ ಸಂಖ್ಯೆಯಲ್ಲಿದ್ದಾರೆ, ನಿಜ. ಆದರೆ ಅದರಿಂದ 1953ರಲ್ಲಿ ಸಿಡಿದು ಬೇರೆಯಾದವರೂ, ರಾಷ್ಟ್ರೀಯ ಪ್ರಾಟೆಸ್ಟಂಟ್ ಚರ್ಚಿನ ಒಳಗೇ ಉಳಿದ ಸಂಪ್ರದಾಯಸ್ಥರೂ, 2004ರ ಚರ್ಚು ವಿಲೀನವನ್ನು ಒಪ್ಪದೆ ಹೊರನಡೆದವರೂ ಇದೇ ಪಕ್ಷಕ್ಕೆ ಮತ ಹಾಕುತ್ತಾರೆ. ಭಾನುವಾರ ಬೇರೆ ಬೇರೆ ಆಲಯಗಳಲ್ಲಿ ಕೂರುವವರು, ಪರಸ್ಪರರ ಬೋಧನೆಯನ್ನು ಪೂರ್ತಿ ಒಪ್ಪದವರು, ಮತಪೆಟ್ಟಿಗೆಯ ಬಳಿ ಒಂದಾಗುತ್ತಾರೆ.

ಚರ್ಚಿನ ಶಾಖೆ ಎನ್ನುವ ಮಾತು ಹೆಚ್ಚು ಸಲ್ಲುವುದು ಜಿಪಿವಿ ಎಂಬ ಇನ್ನೊಂದು ಸಣ್ಣ ಪಕ್ಷಕ್ಕೆ. 1944ರಲ್ಲಿ ಸುಧಾರಿತ ಸಭೆ ಒಡೆದಾಗ ಹೊರಬಂದವರು 1948ರಲ್ಲಿ ಅದನ್ನು ಕಟ್ಟಿದರು. ದೀರ್ಘಕಾಲ ಅದರ ಸದಸ್ಯತ್ವವೂ ಆ ಸಭೆಯ ಸದಸ್ಯತ್ವವೂ ಬಹುಮಟ್ಟಿಗೆ ಒಂದೇ ಆಗಿದ್ದವು. 1963ರಲ್ಲಿ ಅದಕ್ಕೆ ಸಂಸತ್ತಿನಲ್ಲಿ ಮೊದಲ ಸ್ಥಾನ ದೊರೆಯಿತು. 2000ದಲ್ಲಿ ಅದು ಮತ್ತೊಂದು ಪಕ್ಷದೊಡನೆ ಸೇರಿ ಕ್ರಿಸ್ಟನ್‌ಯೂನಿ ಆಯಿತು, 2007ರಲ್ಲಿ ಸಂಪುಟವನ್ನೂ ಸೇರಿತು. ಚರ್ಚಿಗೆ ಅಷ್ಟು ಗಟ್ಟಿಯಾಗಿ ಅಂಟಿಕೊಂಡಿದ್ದ ಪಕ್ಷ ಕರಗಿ ಬೇರೊಂದಾಯಿತು, ಸಡಿಲವಾಗಿ ಅಂಟಿಕೊಂಡಿದ್ದ ಎಸ್‌ಜಿಪಿ ಹಾಗೆಯೇ ಉಳಿಯಿತು. ನನಗೆ ಹೆಚ್ಚು ಕುತೂಹಲ ಹುಟ್ಟಿಸುವುದು ಈ ವ್ಯತ್ಯಾಸವೇ.

ಡೆಲ್ಟಾನಿವಾಸಿ

ಈ ದೇಶದಲ್ಲಿ ನೆಲೆಸಿರುವ ಕನ್ನಡಿಗನಾಗಿ ಒಂದು ಮಾತು. ಆಮ್‌ಸ್ಟೆಲ್‌ವೇನ್, ಐಂಡ್‌ಹೋವನ್ ಕಡೆಗೆ ಕೆಲಸಕ್ಕೆಂದು ಬಂದ ನಮ್ಮಂಥವರಿಗೆ ಈ ಪಕ್ಷ ಇರುವುದೇ ತಿಳಿಯುವುದಿಲ್ಲ. ಅದರ ಮತದಾರರು ನೈಋತ್ಯದ ಜೀಲಾಂಡ್ ದ್ವೀಪಗಳಿಂದ ನಡುನಾಡಿನ ಫೇಲುವೆಯ ಮೂಲಕ ಈಶಾನ್ಯದ ಸ್ಟಾಪ್‌ಹೋರ್ಸ್ಟ್‌ವರೆಗೆ ಓರೆಯಾಗಿ ಹಾದುಹೋಗುವ ಒಂದು ಪಟ್ಟಿಯಲ್ಲಿ ಒತ್ತಾಗಿ ವಾಸಿಸುತ್ತಾರೆ. ಇಲ್ಲಿನವರು ಅದನ್ನು ಬೈಬಲ್ ಪಟ್ಟಿ ಎನ್ನುತ್ತಾರೆ. ಮೀನುಗಾರರ ಊರಾದ ಉರ್ಕ್ ಕೂಡ ಅದೇ ಬಳಗಕ್ಕೆ ಸೇರಿದ್ದು. ಅಂಥ ಊರುಗಳಲ್ಲಿ ಭಾನುವಾರ ಅಂಗಡಿ ಮುಚ್ಚುವುದು ಇಂದಿಗೂ ಪುರಸಭೆಯಲ್ಲಿ ಚರ್ಚೆಯಾಗುವ ವಿಷಯ. ಕರ್ತನ ದಿನವೆಂಬ ಕಾರಣಕ್ಕೆ ಪಕ್ಷ ತನ್ನ ಜಾಲತಾಣವನ್ನೂ ಭಾನುವಾರ ಮುಚ್ಚಿಟ್ಟದ್ದುಂಟು.

ಇವರಿಗೆ ತಮ್ಮದೇ ಶಾಲೆಗಳಿವೆ, 1971ರಿಂದ ತಮ್ಮದೇ ದಿನಪತ್ರಿಕೆಯಿದೆ, ದೇಶದ ದೊಡ್ಡ ರಾಜಕೀಯ ಯುವ ಸಂಘಟನೆಗಳಲ್ಲಿ ಒಂದೆನಿಸಿದ ಪಕ್ಷದ ಯುವ ವಿಭಾಗವೂ ಇದೆ. ಮಗು ಹುಟ್ಟಿ ಬೆಳೆದು ಮತದಾರನಾಗುವವರೆಗೆ ಒಂದೇ ಲೋಕದೊಳಗೆ ಇರಬಲ್ಲದು. ದೇಶದಲ್ಲಿ ಮತದಾನದ ಪ್ರಮಾಣ ಕುಸಿದಾಗಲೂ ಇವರು ತಪ್ಪದೆ ಹೋಗಿ ಮತ ಹಾಕುವುದರಿಂದ ಅಂಥ ಚುನಾವಣೆಗಳಲ್ಲಿ ಇವರ ಪಾಲು ಹಿಗ್ಗುತ್ತದೆ. ನೂರು ವರ್ಷದ ಸ್ಥಿರತೆಗೆ ಕಾರಣ ಇದು. ಯಾವ ನಾಯಕನ ವರ್ಚಸ್ಸೂ ಅಲ್ಲ.

ಬಳ್ಳಾರಿ ಓದುಗ

150ರಲ್ಲಿ ಮೂವರು ಎಂದರೆ ಯಾರಿಗೂ ತೊಂದರೆಯಿಲ್ಲ. ಅವರ ಪಾಡಿಗೆ ಅವರು ಸಾಕ್ಷಿ ನುಡಿದುಕೊಂಡಿರಲಿ, ಇದರಲ್ಲಿ ಚರ್ಚಿಸುವುದೇನಿದೆ?

ಇತಿಹಾಸದ ಮೇಷ್ಟ್ರು

ತೊಂದರೆಯಿಲ್ಲವೆಂದು 1925ರ ನವೆಂಬರ್ 11ರಂದು ಹೇಳಿದ್ದರೆ ಪ್ರಧಾನಿ ಹೆಂಡ್ರಿಕಸ್ ಕೋಲೈನ್ ಒಪ್ಪುತ್ತಿರಲಿಲ್ಲ. ಆಗ ಕೆಳಮನೆಯಲ್ಲಿ 100 ಸ್ಥಾನಗಳಿದ್ದವು, ಎಸ್‌ಜಿಪಿಯವರು ಇಬ್ಬರೇ. ವ್ಯಾಟಿಕನ್‌ನಲ್ಲಿ ನೆದರ್ಲೆಂಡ್ಸ್ ಇಟ್ಟುಕೊಂಡಿದ್ದ ರಾಯಭಾರ ಕಚೇರಿಯ ಹಣವನ್ನು ಆಯವ್ಯಯದಿಂದ ತೆಗೆಯಬೇಕೆಂದು ಕೆರ್ಸ್ಟನ್ ತಿದ್ದುಪಡಿ ಮಂಡಿಸಿದರು. ಇದು ಅವರು ಹಿಂದೆಯೂ ಮಂಡಿಸಿ ಸೋತಿದ್ದ ತಿದ್ದುಪಡಿಯೇ. ಈ ಬಾರಿ ಮಾತ್ರ ಸರ್ಕಾರದ ಒಳಗೇ ಇದ್ದ ಇನ್ನೊಂದು ಪ್ರಾಟೆಸ್ಟಂಟ್ ಪಕ್ಷವಾದ ಸಿಎಚ್‌ಯು ಅದರ ಪರವಾಗಿ ಮತ ಹಾಕಿತು. ಪೋಪರ ಬಗ್ಗೆ ಯಾವ ತಕರಾರೂ ಇಲ್ಲದ ಸಮಾಜವಾದಿಗಳು ಮೈತ್ರಿಕೂಟವನ್ನು ಒಡೆಯುವ ಅವಕಾಶ ಕಂಡು ಕೈಜೋಡಿಸಿದರು. ತಿದ್ದುಪಡಿ ಗೆದ್ದಿತು, ಕ್ಯಾಥೊಲಿಕ್ ಸಚಿವರು ರಾಜೀನಾಮೆ ಕೊಟ್ಟರು, ಸರ್ಕಾರ ಬಿದ್ದಿತು. ಹೊಸ ಸಂಪುಟ ರಚನೆಯಾಗಲು 1926ರ ಮಾರ್ಚ್‌ವರೆಗೆ ಕಾಯಬೇಕಾಯಿತು. ಡಚ್ಚರು ಆ ಘಟನೆಯನ್ನು ಇಂದಿಗೂ ‘ಕೆರ್ಸ್ಟನ್ ರಾತ್ರಿ’ ಎಂದು ನೆನೆಯುತ್ತಾರೆ.

ಸಣ್ಣ ಪಕ್ಷದ ಬಲ ಅದರ ಸಂಖ್ಯೆಯಿಂದ ಮಾತ್ರ ಬರುವುದಿಲ್ಲ. ದೊಡ್ಡವರು ತಮ್ಮೊಳಗೆ ಯಾವ ಬಿರುಕನ್ನು ಮುಚ್ಚಿಟ್ಟಿದ್ದಾರೋ ಅದನ್ನು ಹುಡುಕಿ ಅಲ್ಲಿಗೇ ಬೆರಳಿಟ್ಟರೆ ಇಬ್ಬರು ಸಾಕು.

ಶಾಸನಾಸಕ್ತ

ಮೇಷ್ಟ್ರೇ, ಇದನ್ನು ಸಾಕ್ಷಿ ಎನ್ನಬೇಕೋ ತಂತ್ರ ಎನ್ನಬೇಕೋ?

ಇತಿಹಾಸದ ಮೇಷ್ಟ್ರು

ಕೆರ್ಸ್ಟನ್ ಅವರಿಗೆ ಸಾಕ್ಷಿ. ಬೆಂಬಲಿಸಿದ ಸಮಾಜವಾದಿಗಳಿಗೆ ತಂತ್ರ. ಆದರೆ ಅವರ ಸಾಕ್ಷಿಗೂ ಒಂದು ಕಪ್ಪು ಅಧ್ಯಾಯವಿದೆ, ಅದನ್ನು ಬಿಟ್ಟು ಮುಂದೆ ಹೋಗುವುದು ನ್ಯಾಯವಲ್ಲ. ಜರ್ಮನ್ ಆಕ್ರಮಣವನ್ನು ಕೆರ್ಸ್ಟನ್ ರಾಷ್ಟ್ರದ ಪಾಪಕ್ಕೆ ದೇವರು ವಿಧಿಸಿದ ನ್ಯಾಯತೀರ್ಪೆಂದು ಬಗೆದು ಪ್ರತಿರೋಧವನ್ನು ವಿರೋಧಿಸಿದರು. ಯುದ್ಧ ಮುಗಿದ ಮೇಲೆ ಸಂಸತ್ತಿಗೆ ಮರಳಲು ಅವರಿಗೆ ಅವಕಾಶ ಕೊಡಲಿಲ್ಲ. 1948ರಲ್ಲಿ ಅವರು ತೀರಿಕೊಂಡರು. ಪಕ್ಷವನ್ನು ಪೀಟರ್ ಜಾಂಟ್ ಎಂಬ ಮತ್ತೊಬ್ಬ ಸಭಾಪಾಲಕರು 1961ರವರೆಗೆ ನಡೆಸಿದರು.

ತುಂಗಾತೀರ

ಇಷ್ಟೆಲ್ಲ ಬರೆದಿದ್ದೀರಿ, ಆದರೆ ಮುಖ್ಯವಾದದ್ದನ್ನು ಯಾರೂ ಎತ್ತಲಿಲ್ಲ. ಈ ಪಕ್ಷ 2006ರವರೆಗೆ ಮಹಿಳೆಯರಿಗೆ ಪೂರ್ಣ ಸದಸ್ಯತ್ವವನ್ನೇ ಕೊಟ್ಟಿರಲಿಲ್ಲ. 2013ರವರೆಗೆ ಅಭ್ಯರ್ಥಿಯಾಗಲು ಬಿಟ್ಟಿರಲಿಲ್ಲ. 1918ರಲ್ಲೇ ಸೂಜ್ ಗ್ರುನೆವೆಖ್ ಎಂಬ ಮಹಿಳೆ ಆಯ್ಕೆಯಾಗಿ ಬಂದ ಸಂಸತ್ತಿನಲ್ಲಿ, ಸರ್ಕಾರದ ಅನುದಾನ ಪಡೆಯುತ್ತಾ, ಮಹಿಳೆಗೆ ಆಳುವ ಸ್ಥಾನವಿಲ್ಲವೆಂದು ಸಾರುವ ಪಕ್ಷವೊಂದು ಕುಳಿತಿತ್ತು. ಇದನ್ನು ಸಾಕ್ಷಿ ಎಂದು ಗೌರವದಿಂದ ಕರೆಯಲು ನನಗೆ ಸಾಧ್ಯವಿಲ್ಲ. ಆ ಊರುಗಳಲ್ಲಿ ಹುಟ್ಟಿದ ಹೆಣ್ಣುಮಗಳೊಬ್ಬಳಿಗೆ ತನ್ನ ನಂಬಿಕೆಯನ್ನು ಪ್ರತಿನಿಧಿಸುವ ಏಕೈಕ ಪಕ್ಷದ ಬಾಗಿಲು ಅವಳು ಹೆಣ್ಣೆಂಬ ಒಂದೇ ಕಾರಣಕ್ಕೆ ಮುಚ್ಚಿತ್ತೆಂಬುದನ್ನು ಯೋಚಿಸಿ ನೋಡಿ.

ಹುಬ್ಬಳ್ಳಿ ವಕೀಲ

ತುಂಗಾತೀರ ಅವರು ಎತ್ತಿದ ವಿಷಯದ ಕಾನೂನು ಹಾದಿಯನ್ನು ವಿವರಿಸುತ್ತೇನೆ. ಸಾಂವಿಧಾನಿಕ ಹಕ್ಕುಗಳಲ್ಲಿ ಆಸಕ್ತಿಯಿರುವವರೆಲ್ಲ ಓದಬೇಕಾದ ಪ್ರಕರಣವಿದು.

ಮಹಿಳಾ ಹಕ್ಕುಗಳ ಪರವಾಗಿ ಕಾನೂನು ಹೋರಾಟ ನಡೆಸುವ ಕ್ಲಾರಾ ವಿಕ್‌ಮನ್ ನಿಧಿ ಮುಂತಾದ ಸಂಘಟನೆಗಳು ದಾವೆ ಹೂಡಿದ್ದು ರಾಜ್ಯದ ವಿರುದ್ಧ. ವಿಶ್ವಸಂಸ್ಥೆಯ ಮಹಿಳಾ ತಾರತಮ್ಯ ನಿವಾರಣಾ ಒಪ್ಪಂದದ 7ನೇ ವಿಧಿಗೆ ಸಹಿ ಹಾಕಿರುವ ರಾಜ್ಯ ಇಂಥ ಪಕ್ಷವನ್ನು ಸಹಿಸಿಕೊಂಡು ಅನುದಾನ ಕೊಡುವುದು ತಪ್ಪೆಂಬುದು ಅವರ ವಾದ. 2005ರ ಸೆಪ್ಟೆಂಬರ್‌ನಲ್ಲಿ ಹೇಗ್ ನಗರದ ನ್ಯಾಯಾಲಯ ಇದನ್ನು ಒಪ್ಪಿತು, ಅನುದಾನ ನಿಂತಿತು. ಮರುವರ್ಷ ಪಕ್ಷ ಮಹಿಳೆಯರಿಗೆ ಸದಸ್ಯತ್ವ ತೆರೆಯಿತು, ಅಭ್ಯರ್ಥಿತ್ವವನ್ನು ಮಾತ್ರ ತೆರೆಯಲಿಲ್ಲ. 2007ರ ಡಿಸೆಂಬರ್‌ನಲ್ಲಿ ಆಡಳಿತಾತ್ಮಕ ವಿವಾದಗಳ ಉನ್ನತ ಪೀಠವಾದ ಕೌನ್ಸಿಲ್ ಆಫ್ ಸ್ಟೇಟ್ ಇದಕ್ಕೆ ವಿರುದ್ಧವಾಗಿ, ಅನುದಾನ ತಡೆಹಿಡಿದದ್ದು ಸರಿಯಲ್ಲವೆಂದಿತು. ಒಂದೇ ದೇಶದ ಎರಡು ನ್ಯಾಯಪೀಠಗಳು ಎರಡು ದಿಕ್ಕಿಗೆ ನಿಂತವು.

ಕೊನೆಗೆ 2010ರ ಏಪ್ರಿಲ್ 9ರಂದು ಸರ್ವೋಚ್ಚ ನ್ಯಾಯಾಲಯ, ಮಹಿಳೆಯರು ಚುನಾವಣೆಗೆ ನಿಲ್ಲುವ ಹಕ್ಕನ್ನು ಪಕ್ಷ ಒಪ್ಪುವಂತೆ ರಾಜ್ಯ ಪರಿಣಾಮಕಾರಿ ಕ್ರಮ ಕೈಗೊಳ್ಳಲೇಬೇಕೆಂದು ತೀರ್ಪಿತ್ತಿತು. ಯಾವ ಕ್ರಮವೆಂಬುದನ್ನು ರಾಜ್ಯದ ವಿವೇಚನೆಗೆ ಬಿಟ್ಟಿತು. ಪಕ್ಷ ಸ್ಟ್ರಾಸ್‌ಬರ್ಗ್‌ನ ಯುರೋಪಿಯನ್ ಮಾನವ ಹಕ್ಕುಗಳ ನ್ಯಾಯಾಲಯದ ಮೆಟ್ಟಿಲೇರಿತು. 2012ರ ಜುಲೈನಲ್ಲಿ ಆ ಅರ್ಜಿ ವಿಚಾರಣೆಗೇ ಅರ್ಹವಲ್ಲವೆಂದು ತಿರಸ್ಕೃತವಾಯಿತು. ಬೇರೆ ದಾರಿಯಿಲ್ಲದೆ 2013ರ ಮಾರ್ಚ್‌ನಲ್ಲಿ ಪಕ್ಷ ನಿಯಮ ಬದಲಿಸಿತು. ಮರುವರ್ಷ ಫ್ಲಿಸ್ಸಿಂಗನ್ ನಗರದ ಪುರಸಭೆಗೆ ಲಿಲಿಯಾನ್ ಯಾನ್ಸೆ ಆಯ್ಕೆಯಾಗಿ ಪಕ್ಷದ ಮೊದಲ ಚುನಾಯಿತ ಮಹಿಳೆಯಾದರು. ಗಮನಿಸಿ: ಬದಲಾದದ್ದು ಅಭ್ಯರ್ಥಿ ಆಯ್ಕೆಯ ನಿಯಮ. ಆಳ್ವಿಕೆಗೆ ದೇವರು ಮಹಿಳೆಯನ್ನು ಕರೆದಿಲ್ಲವೆಂಬ ಮೂಲತತ್ವವನ್ನು ಪಕ್ಷ ಅಳಿಸಲಿಲ್ಲ.

ಸಭೆಯ ಸದಸ್ಯೆ

ನಾನೂ ಪ್ರಾಟೆಸ್ಟಂಟ್ ವಿಶ್ವಾಸಿ, ನಾನೂ ಮಹಿಳೆ. ಆ ಪಕ್ಷದ ನಿಲುವು ನನ್ನದಲ್ಲ. ದೇವರ ವಾಕ್ಯವನ್ನು ಅವರು ಓದುವ ರೀತಿಯೂ ನನ್ನದಲ್ಲ. ಆದರೂ ವಕೀಲರ ವಿವರಣೆ ಓದಿದ ಮೇಲೆ ಒಂದು ಆತಂಕ ಉಳಿಯುತ್ತದೆ. ಆ ಪಕ್ಷದ ಎಷ್ಟೋ ಮಹಿಳೆಯರು ನಿಯಮದ ಪರವಾಗಿದ್ದರು. ನಂಬಿಕೆಯ ಆಧಾರದ ಮೇಲೆ ಸೇರಿದ ಸಮುದಾಯಕ್ಕೆ ನಿಮ್ಮ ಪ್ರತಿನಿಧಿಯನ್ನು ಹೀಗೆ ಆರಿಸಿ ಎಂದು ನ್ಯಾಯಾಲಯ ಹೇಳತೊಡಗಿದರೆ, ನಾಳೆ ಬೇರೆ ಅಲ್ಪಸಂಖ್ಯಾತ ಸಮುದಾಯಕ್ಕೆ ಇನ್ನೇನು ಹೇಳಬಹುದು? ಅವರ ಅಭಿಪ್ರಾಯವನ್ನು ಮತಪೆಟ್ಟಿಗೆಯಲ್ಲಿ ಸೋಲಿಸುವುದು ಬೇರೆ, ಆದೇಶದಿಂದ ತಿದ್ದುವುದು ಬೇರೆ.

ತುಂಗಾತೀರ

ಸಭೆಯ ಸದಸ್ಯೆಯವರೇ, ತಮ್ಮ ಆತಂಕ ಪ್ರಾಮಾಣಿಕವಾದದ್ದೆಂದು ಒಪ್ಪುತ್ತೇನೆ. ಆದರೆ ಸಭೆಯೊಳಗೆ ಪೀಠವನ್ನು ಯಾರು ಏರಬೇಕೆಂದು ನ್ಯಾಯಾಲಯ ಹೇಳಲೇ ಇಲ್ಲ. ಅದು ಹೇಳಿದ್ದು ಇಡೀ ದೇಶಕ್ಕೆ ಕಾನೂನು ಮಾಡುವ ಸದನದ ಬಾಗಿಲಿನ ಬಗ್ಗೆ. ಹಲವು ಮಹಿಳೆಯರು ಒಪ್ಪಿದ್ದರೆಂಬ ಮಾತ್ರಕ್ಕೆ ಒಪ್ಪದಿದ್ದ ಒಬ್ಬಳ ಹಕ್ಕು ಅಳಿಯುವುದಿಲ್ಲ. ಹಕ್ಕು ತೆರೆದ ಮೇಲೂ ಬೇಡವೆನ್ನುವವರು ನಿಲ್ಲದೆ ಇರಬಹುದು. ಅವರ ಸ್ವಾತಂತ್ರ್ಯಕ್ಕೆ ಯಾವ ಕುಂದೂ ಬಂದಿಲ್ಲ.

ಬಳ್ಳಾರಿ ಓದುಗ

ಈ ಮಾತನ್ನು ನಾನು ಪೂರ್ತಿ ಒಪ್ಪುತ್ತೇನೆ.

ಮಲೆನಾಡ ವೈದ್ಯ

ಇವರ ಪ್ರಭಾವದ ಇನ್ನೊಂದು ಮುಖ ಲಸಿಕೆಯದು. ಆ ಸಭೆಗಳ ಒಂದು ವರ್ಗ, ರೋಗವೂ ಆರೋಗ್ಯವೂ ದೇವರ ಕೈಯಲ್ಲಿರುವಾಗ ಲಸಿಕೆ ಹಾಕಿಸುವುದು ಅವನ ಆಳ್ವಿಕೆಯನ್ನು ನಂಬದಂತೆ ಎಂದು ಭಾವಿಸುತ್ತದೆ. 1992–93ರಲ್ಲಿ ಆ ಬೈಬಲ್ ಪಟ್ಟಿಯಲ್ಲೇ ಪೋಲಿಯೊ ಹಬ್ಬಿ 71 ಮಂದಿ ಕಾಯಿಲೆ ಬಿದ್ದರು, ಇಬ್ಬರು ತೀರಿಕೊಂಡರು. ದೇಶದ ಉಳಿದೆಡೆ ಬಹುತೇಕ ಎಲ್ಲರೂ ಲಸಿಕೆ ಪಡೆದಿದ್ದರಿಂದ ಅದು ಆ ಸಭೆಗಳ ಆಚೆಗೆ ದಾಟಲಿಲ್ಲ. ಮಕ್ಕಳ ಕಾಲು ಸೊರಗಿದ್ದನ್ನು ಕಂಡಿರುವ ವೈದ್ಯನಾಗಿ ಇದನ್ನು ನಂಬಿಕೆಯ ಸ್ವಾತಂತ್ರ್ಯವೆಂದು ಸುಮ್ಮನೆ ಒಪ್ಪಿಕೊಳ್ಳಲು ನನಗೆ ಕಷ್ಟವಾಗುತ್ತದೆ.

ಡೆಲ್ಟಾನಿವಾಸಿ

ವೈದ್ಯರೇ, ಅಂಕಿಅಂಶ ಸರಿಯಾಗಿದೆ, ಆದರೆ ಪಕ್ಷವನ್ನೂ ಸಭೆಗಳನ್ನೂ ಇಲ್ಲಿ ಬೇರ್ಪಡಿಸಬೇಕು. ಎಸ್‌ಜಿಪಿ ಲಸಿಕೆಯನ್ನು ವಿರೋಧಿಸುವ ಪಕ್ಷವಲ್ಲ, ಕಡ್ಡಾಯವನ್ನು ವಿರೋಧಿಸುವ ಪಕ್ಷ. ಅದರ ಮತದಾರರಲ್ಲೇ ಲಸಿಕೆ ಹಾಕಿಸುವವರೂ ಹಾಕಿಸದವರೂ ಇದ್ದಾರೆ.

ಶಾಸನಾಸಕ್ತ

ಮತ್ತೆ ಸಂಸತ್ತಿಗೆ ಮರಳೋಣ. 1925ರ ನಂತರ ಇವರ ಮತ ಎಂದಾದರೂ ನಿರ್ಣಾಯಕವಾಗಿತ್ತೇ?

ಇತಿಹಾಸದ ಮೇಷ್ಟ್ರು

ಆಗಿತ್ತು, ಅದೂ ಒಂದೇ ಒಂದು ಮತ. 2010ರಲ್ಲಿ ಪ್ರಧಾನಿಯಾದ ಮಾರ್ಕ್ ರುಟ್ಟೆ ಅವರ ಮೊದಲ ಸಂಪುಟ ಅಲ್ಪಮತದ್ದು. ಹೊರಗಿನಿಂದ ಬೆಂಬಲಿಸುವ ಪಕ್ಷವನ್ನು ಸೇರಿಸಿಕೊಂಡರೂ 2011ರ ನಂತರ 75 ಸ್ಥಾನಗಳ ಮೇಲ್ಮನೆಯಲ್ಲಿ ಅವರಿಗೆ 37 ಮಾತ್ರ ಇದ್ದವು. ಬಹುಮತಕ್ಕೆ ಬೇಕಾದ 38ನೆಯದು ಎಸ್‌ಜಿಪಿಯ ಏಕೈಕ ಸದಸ್ಯ ಗೆರಿಟ್ ಹೋಲ್ಡೈಕ್ ಅವರ ಕೈಯಲ್ಲಿತ್ತು. ಆಗ ಏನಾಯಿತೆಂದು ನೋಡಬೇಕೆಂದರೆ ದೇವನಿಂದೆಯನ್ನು ಅಪರಾಧವೆನ್ನುತ್ತಿದ್ದ 1932ರ ಕಾನೂನಿನ ಕಥೆಯನ್ನು ನೋಡಿ. ರುಟ್ಟೆ ಅವರ ಉದಾರವಾದಿ ಪಕ್ಷಕ್ಕೆ ಅದನ್ನು ತೆಗೆಯುವ ಮನಸ್ಸಿದ್ದರೂ ಆ ಅವಧಿಯಲ್ಲಿ ಹಿಂಜರಿಯಿತು. 2012ರಲ್ಲಿ ಸಂಪುಟ ಬಿದ್ದು ಎಸ್‌ಜಿಪಿಯ ಹಂಗು ತಪ್ಪಿದ ಮೇಲೆ ರದ್ದತಿಗೆ ದಾರಿ ತೆರೆಯಿತು. 2014ರ ಮಾರ್ಚ್‌ನಲ್ಲಿ ಆ ಕಾನೂನು ಇಲ್ಲವಾಯಿತು.

2013ರ ಶರತ್ಕಾಲದಲ್ಲಿ ರುಟ್ಟೆ ಅವರ ಎರಡನೆಯ ಸಂಪುಟಕ್ಕೂ ಮೇಲ್ಮನೆಯಲ್ಲಿ ಬಹುಮತವಿರಲಿಲ್ಲ. ಆಗ ಎಸ್‌ಜಿಪಿ ಇನ್ನೆರಡು ವಿರೋಧ ಪಕ್ಷಗಳೊಡನೆ ಕುಳಿತು ಆಯವ್ಯಯದ ಬಗ್ಗೆ ಒಪ್ಪಂದ ಮಾಡಿಕೊಂಡಿತು. ಜಾಂಟ್ ಅವರ ಕಾಲದ ಸಾಕ್ಷಿಯ ಪಕ್ಷ ಆಗಿನ ನಾಯಕ ಕೇಸ್ ಫಾನ್ ಡೆರ್ ಸ್ಟಾಯ್ ಅವರ ಕಾಲಕ್ಕೆ ಚೌಕಾಸಿ ಮಾಡಲು ಕಲಿತಿತ್ತು.

ಸಭೆಯ ಸದಸ್ಯೆ

ಚೌಕಾಸಿ ಎನ್ನುವುದು ಸ್ವಲ್ಪ ಕಠೋರವಾಯಿತು, ಮೇಷ್ಟ್ರೇ. ಬಾಸ್ ಫಾನ್ ಡೆರ್ ಫ್ಲೀಸ್ 1981ರಿಂದ 2010ರವರೆಗೆ, ಅವರ ನಂತರ ಪಕ್ಷವನ್ನು ಮುನ್ನಡೆಸಿದ ಫಾನ್ ಡೆರ್ ಸ್ಟಾಯ್ 1998ರಿಂದ 2023ರವರೆಗೆ ಸದನದಲ್ಲಿದ್ದರು. ಮಸೂದೆಗಳನ್ನು ಸಾಲುಸಾಲಾಗಿ ಓದಿ, ಸದನದ ನಡವಳಿಕೆಗೂ ಸಂವಿಧಾನದ ನಿಯಮಕ್ಕೂ ಚ್ಯುತಿ ಬಂದಾಗ ಎದ್ದು ನಿಲ್ಲುತ್ತಿದ್ದುದರಿಂದ ಅವರ ನಂಬಿಕೆಯನ್ನು ಒಪ್ಪದ ಸದಸ್ಯರೂ ಅವರಿಗೆ ಗೌರವ ಕೊಡುತ್ತಿದ್ದರು. ದೇವರ ಆಳ್ವಿಕೆ ಬೇಕೆನ್ನುವವರು ಮನುಷ್ಯರು ಬರೆದ ಸಂವಿಧಾನವನ್ನು ಇಷ್ಟು ನಿಷ್ಠೆಯಿಂದ ಕಾಯುವುದನ್ನೂ ಲೆಕ್ಕಕ್ಕೆ ತೆಗೆದುಕೊಳ್ಳಬೇಕು.

ತುಂಗಾತೀರ

ಅಲ್ಪಸಂಖ್ಯಾತರಿಗೆ ಸಂವಿಧಾನವೇ ರಕ್ಷಣೆ. ಅವರು ಅದನ್ನು ಕಾಯುವುದು ಸಹಜ. ಬಹುಮತ ಬಂದರೆ 36ನೇ ವಿಧಿಯನ್ನು ಏನು ಮಾಡುತ್ತಾರೆಂಬುದೇ ನಿಜವಾದ ಪ್ರಶ್ನೆ.

ಬಳ್ಳಾರಿ ಓದುಗ

ನಮ್ಮಲ್ಲಿ ಇಂಥ ಪಕ್ಷವನ್ನು ನೋಂದಾಯಿಸಲು ಸಾಧ್ಯವಿತ್ತೇ, ವಕೀಲರೇ?

ಹುಬ್ಬಳ್ಳಿ ವಕೀಲ

ಇದ್ದ ಹಾಗೆಯೇ ಎಂದರೆ ಕಷ್ಟ. ನಮ್ಮ 1951ರ ಜನಪ್ರಾತಿನಿಧ್ಯ ಕಾಯ್ದೆಯ 29ಎ ಪ್ರಕರಣದಂತೆ ನೋಂದಣಿ ಬಯಸುವ ಪಕ್ಷ ಜಾತ್ಯತೀತತೆಯ ತತ್ವಕ್ಕೆ ನಿಷ್ಠೆಯನ್ನು ತನ್ನ ನಿಯಮಾವಳಿಯಲ್ಲೇ ಬರೆದುಕೊಡಬೇಕು. 123(3) ಪ್ರಕರಣ ಧರ್ಮದ ಹೆಸರಿನಲ್ಲಿ ಮತ ಕೇಳುವುದನ್ನು ಭ್ರಷ್ಟ ಆಚರಣೆ ಎನ್ನುತ್ತದೆ. ನಮ್ಮ ರಾಜ್ಯದ ಮುಖ್ಯಮಂತ್ರಿಯಾಗಿದ್ದ ಎಸ್.ಆರ್. ಬೊಮ್ಮಾಯಿ ಅವರ ಪ್ರಕರಣದಲ್ಲಿ 1994ರಲ್ಲಿ ಸುಪ್ರೀಂ ಕೋರ್ಟ್ ಜಾತ್ಯತೀತತೆ ಸಂವಿಧಾನದ ಮೂಲಲಕ್ಷಣವೆಂದು ಹೇಳಿತು. ಹಾಗೆಂದು ಧಾರ್ಮಿಕ ಸಮುದಾಯದ ಪಕ್ಷಗಳೇ ಇಲ್ಲವೆಂದಲ್ಲ. ಗುರುದ್ವಾರ ಸುಧಾರಣೆಯ ಚಳವಳಿಯಿಂದ ಹುಟ್ಟಿದ ಅಕಾಲಿ ದಳವೂ ಕೇರಳದಲ್ಲಿ ಬೇರು ಬಿಟ್ಟಿರುವ ಮುಸ್ಲಿಂ ಲೀಗೂ ಸಂಸತ್ತಿನಲ್ಲಿವೆ. ಅವು ಸಮುದಾಯದ ಹಿತವನ್ನು ಕೇಳುತ್ತವೆ. ರಾಜ್ಯವೇ ಧರ್ಮಗ್ರಂಥದಂತೆ ನಡೆಯಬೇಕೆಂದು ನಿಯಮಾವಳಿಯಲ್ಲಿ ಬರೆಯುವಂತಿಲ್ಲ. ನೆದರ್ಲೆಂಡ್ಸ್ ನಂಬಿಕೆಯನ್ನು ಬರೆದುಕೊಳ್ಳಲು ಬಿಟ್ಟು ನಡೆಯನ್ನು ಪ್ರಶ್ನಿಸಿತು.

ಶಾಸನಾಸಕ್ತ

ಕೊನೆಯದಾಗಿ ಒಂದು ಸಂದೇಹ. 2013ರಲ್ಲಿ ನಿಯಮ ಬದಲಾದರೂ ಸಂಸತ್ತಿನ ಕೆಳಮನೆಗೆ ಈ ಪಕ್ಷದಿಂದ ಇಂದಿನವರೆಗೆ ಒಬ್ಬ ಮಹಿಳೆಯೂ ಬಂದಿಲ್ಲ. 2023ರಲ್ಲಿ ಕ್ರಿಸ್ ಸ್ಟಾಫರ್ ನಾಯಕರಾದ ಮೇಲೂ ಮೂವರೂ ಪುರುಷರೇ. ಹಾಗಾದರೆ ತೀರ್ಪಿನಿಂದ ಏನು ಸಾಧಿಸಿದಂತಾಯಿತು?

ಡೆಲ್ಟಾನಿವಾಸಿ

ಅದಕ್ಕೆ ಚುನಾವಣಾ ಪದ್ಧತಿಯಲ್ಲೇ ಒಂದು ದಾರಿಯಿದೆ. ಇಲ್ಲಿ ಮತದಾರರು ಪಕ್ಷದ ಪಟ್ಟಿಯಲ್ಲಿರುವ ಒಬ್ಬ ನಿರ್ದಿಷ್ಟ ಅಭ್ಯರ್ಥಿಯ ಹೆಸರಿಗೇ ಗುರುತು ಹಾಕುತ್ತಾರೆ. ಒಂದು ಸ್ಥಾನಕ್ಕೆ ಬೇಕಾದ ಮತಗಳ ಕಾಲುಭಾಗ ತನ್ನ ಹೆಸರಿಗೇ ಬಿದ್ದರೆ, ಪಟ್ಟಿಯ ತೀರಾ ಕೆಳಗಿದ್ದವರೂ ಮೇಲಿದ್ದವರನ್ನು ದಾಟಿ ಸದನಕ್ಕೆ ಬರುತ್ತಾರೆ. 2023ರ ಮತಗಳ ಲೆಕ್ಕದಲ್ಲಿ ಅದು ಇಪ್ಪತ್ತು ಸಾವಿರಕ್ಕಿಂತ ಕಡಿಮೆ. ಎಸ್‌ಜಿಪಿ ಆ ಬಾರಿ ಪಡೆದದ್ದು ಎರಡು ಲಕ್ಷಕ್ಕೂ ಹೆಚ್ಚು. ಪಟ್ಟಿಯಲ್ಲಿ ಒಬ್ಬ ಮಹಿಳೆಯ ಹೆಸರಿದ್ದು, ಪಕ್ಷದ ಮತದಾರರಲ್ಲಿ ಹತ್ತಕ್ಕೆ ಒಬ್ಬರು ಅವಳ ಹೆಸರಿಗೆ ಗುರುತು ಹಾಕಿದರೆ ಸಾಕು, ಯಾವ ಸಮಿತಿಯೂ ಅವಳನ್ನು ತಡೆಯಲಾಗದು.

ತುಂಗಾತೀರ

ಆ ಹೆಸರನ್ನು ಪಟ್ಟಿಗೆ ಸೇರಿಸುವವರೆಗೂ ನಾವು ಕೇಳುತ್ತಲೇ ಇರಬೇಕು. ಡೆಲ್ಟಾನಿವಾಸಿಯವರೇ, ಮುಂದಿನ ಚುನಾವಣೆಗೆ ಪಟ್ಟಿ ಹೊರಬಿದ್ದಾಗ ದಯವಿಟ್ಟು ಇಲ್ಲಿ ತಿಳಿಸಿ.